ತಪ್ಪಿದ ಬಡ್ತಿಯ ಬಾಕಿ ಯಾರು ಕೊಡಬೇಕು?

ಸೇವಾ ಪುಸ್ತಕದಲ್ಲಿ ಒಂದು ತಾರೀಖು ತಪ್ಪಾಗಿ ಬಿದ್ದರೆ ಸಾಕು, ಜ್ಯೇಷ್ಠತಾ ಪಟ್ಟಿಯಲ್ಲಿ ಹೆಸರು ಕೆಳಗೆ ಜಾರುತ್ತದೆ. ಜೂನಿಯರ್ ಆದವರು ಹೆಡ್‌ಮಾಸ್ಟರ್ ಆಗುತ್ತಾರೆ. ವರ್ಷಗಳ ಮೇಲೆ ತಪ್ಪು ಸರಿಹೋದರೂ ನಡುವಿನ ಸಂಬಳದ ಕಥೆ ಏನು? ಆಳಂದ, ಸೇಡಂ, ಜೇವರ್ಗಿ ಕಡೆಯ ಮಾಸ್ತರರನ್ನು ಕೇಳಿದರೆ ಒಬ್ಬೊಬ್ಬರು ಒಂದೊಂದು ಹೇಳುತ್ತಾರೆ. ಅವರ ತಪ್ಪಿಲ್ಲ. ಕೋರ್ಟುಗಳೂ ಬೇರೆ ಬೇರೆ ಹೇಳಿವೆ.

ಗೊಂದಲದ ಬೇರು 1956ರ ನವೆಂಬರ್ 1ರಲ್ಲಿದೆ. ಅಂದು ಹೈದರಾಬಾದ್ ರಾಜ್ಯದ ಕಲಬುರಗಿ, ಬೀದರ್, ರಾಯಚೂರು ಮೈಸೂರಿಗೆ ಸೇರಿದವು. ಇಲ್ಲಿನ ನೌಕರರನ್ನು ಮುಂಬೈ, ಮದ್ರಾಸ್, ಕೊಡಗು, ಹಳೆ ಮೈಸೂರಿನವರ ಜೊತೆ ಒಂದೇ ಪಟ್ಟಿಯಲ್ಲಿ ಕೂರಿಸಬೇಕಾಯಿತು. ಒಂದೊಂದು ಕಡೆ ಹುದ್ದೆಯ ಹೆಸರು ಬೇರೆ, ಸಂಬಳದ ಲೆಕ್ಕ ಬೇರೆ. ಪಟ್ಟಿ ಮಾಡುವುದು, ತಿದ್ದುವುದು ದಶಕಗಟ್ಟಲೆ ನಡೆಯಿತು.

1968ರಲ್ಲಿ ಮೈಸೂರು ರಾಜ್ಯದ್ದೇ ಒಂದು ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಒಂದು ಗೆರೆ ಎಳೆಯಿತು. ಬಡ್ತಿ ಕೊಡಿ ಅಂತ ಕೋರ್ಟ್ ನೇರವಾಗಿ ಹೇಳುವಂತಿಲ್ಲ, ಹಿಂದಿನ ತಾರೀಖಿನಿಂದ ಪರಿಗಣಿಸಿ ಅಂತ ಹೇಳಬಹುದು. ಇವತ್ತಿಗೂ ಬಹಳ ಜನ ಗೆದ್ದು ತರುವುದು ಈ 'ಪರಿಗಣಿಸಿ' ಎಂಬ ಮಾತನ್ನೇ.

ಆಮೇಲೆ ಬಂದದ್ದು ಬಡ್ತಿ, ವೇತನ, ಪಿಂಚಣಿ ಕುರಿತ 1973ರ ರಾಜ್ಯ ಕಾಯ್ದೆ. ನೌಕರರು ಕಾಲ್ಪನಿಕ ಬಡ್ತಿ ಅನ್ನುವುದು ಇದನ್ನೇ: ಹಿಂದಿನ ತಾರೀಖಿನಿಂದ ಹುದ್ದೆ ಬರೆಯುತ್ತಾರೆ, ಹೊಸ ಸಂಬಳದ ಲೆಕ್ಕ ಹಾಕುತ್ತಾರೆ, ಹಳೆ ಬಾಕಿ ಮಾತ್ರ ಕೈಗೆ ಬರುವುದಿಲ್ಲ. ಕೋರ್ಟಿನಲ್ಲಿ ಗೆದ್ದವರಿಗೂ ಇದೇ ಲೆಕ್ಕ ಅನ್ನುವಂತೆ 11ನೇ ಕಲಂ ಇತ್ತು. ಗೆದ್ದ ಮೇಲೂ ಹಣವಿಲ್ಲ ಅಂದರೆ ಅದೆಂಥ ಗೆಲುವು ಅಲ್ವಾ? 1995ರಲ್ಲಿ ಎಸ್.ಆರ್. ಭಾಗವತ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಆ ಭಾಗವನ್ನು ಹೊಡೆದುಹಾಕಿತು. ಅಂತಿಮವಾದ ತೀರ್ಪನ್ನು ಕಾಯ್ದೆ ಮಾಡಿ ಅಳಿಸಲು ಬರುವುದಿಲ್ಲ ಎಂದಿತು. 1956ರಲ್ಲಿ 25 ವರ್ಷದವರಿದ್ದ ನೌಕರರಿಗೆ ಆ ಹೊತ್ತಿಗೆ 64 ಆಗಿತ್ತು.

ಈ ನಡುವೆಯೇ ಇನ್ನೊಂದು ವಾದ ನಡೆದಿತ್ತು. ಆ ಹುದ್ದೆಯಲ್ಲಿ ಕೆಲಸವೇ ಮಾಡಿಲ್ಲ, ಹಾಗಾಗಿ ಬಾಕಿ ಇಲ್ಲ ಎಂಬ ತೀರ್ಪು 1989ರಲ್ಲಿ ಬಂತು. 1991ರ ಜಾನಕಿರಾಮನ್ ಪ್ರಕರಣ ಬೇರೆ ಮಾತು ಹೇಳಿತು. ದುಡಿಯಲು ತಯಾರಿದ್ದವರನ್ನು ಇಲಾಖೆಯೇ ದೂರ ಇಟ್ಟಿದ್ದರೆ ಆ ನೆಪ ಸಲ್ಲದು ಎಂದಿತು. ಮಾಸ್ತರರ ಬಾಯಲ್ಲಿ ಈ ಎರಡೂ ಇವೆ, ಎರಡಕ್ಕೂ ಆಧಾರವಿದೆ. ತಪ್ಪು ಬರೆದ ಕೈ ತನ್ನ ಜೇಬಿನಿಂದ ಕೊಡುವುದು ಮಾತ್ರ ಅಪರೂಪ. ದುರುದ್ದೇಶ ಸಾಬೀತಾದರೆ ಪರಿಹಾರವನ್ನು ಅಧಿಕಾರಿಯಿಂದಲೇ ವಸೂಲಿ ಮಾಡಬಹುದು ಅಂತ 1993ರಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ಮನೆ ಹಂಚಿಕೆಯ ಪ್ರಕರಣದಲ್ಲಿ.

ಅನುದಾನಿತ ಶಾಲೆಗಳವರದ್ದು ಬೇರೆ ಕಷ್ಟ. 1983ರ ಶಿಕ್ಷಣ ಕಾಯ್ದೆಯಲ್ಲಿ ವಜಾ ಆದವರು, ಹಿಂಬಡ್ತಿ ಪಡೆದವರು ಮೂರು ತಿಂಗಳೊಳಗೆ ನ್ಯಾಯಮಂಡಳಿಗೆ ಹೋಗಬಹುದು. ಬಡ್ತಿ ತಪ್ಪಿದವರ ಹೆಸರು ಆ ಸಾಲಿನಲ್ಲಿಲ್ಲ. ಅವರ ಕೇಸು ಹೈಕೋರ್ಟಿಗೆ ಹೋಗುತ್ತದೆ. ಕಲಬುರಗಿಗೆ ಸಂಚಾರಿ ಪೀಠ ಬಂದದ್ದು 2008ರಲ್ಲಿ, ಕಾಯಂ ಆದದ್ದು 2013ರಲ್ಲಿ. ಅದಕ್ಕೂ ಮೊದಲು ಪ್ರತಿ ತಾರೀಖಿಗೂ ಬೆಂಗಳೂರು, ರಾತ್ರಿಯಿಡೀ ರೈಲು.

ಬಹಳ ಕೇಸು ಸೋಲುವುದು ತಡವಾಗಿ ಹೋದದ್ದರಿಂದ. ಜೂನಿಯರ್‌ಗೆ ಬಡ್ತಿ ಸಿಕ್ಕಾಗ ಆರು ತಿಂಗಳು, ಹೆಚ್ಚೆಂದರೆ ವರ್ಷದೊಳಗೆ ಬನ್ನಿ ಅಂತ 1974ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ. ಸರ್ಕಾರಿ ನೌಕರರ ಸೇವಾ ತಕರಾರು ನೋಡುವ ಆಡಳಿತ ನ್ಯಾಯಮಂಡಳಿಯ ಕಾನೂನಿನಲ್ಲೂ ಒಂದೇ ವರ್ಷ. ಕಚೇರಿಗೆ ಮನವಿ ಮೇಲೆ ಮನವಿ ಕೊಡುತ್ತಾ, ನಾಳೆ ಆದೀತು ಅಂತ ಸುಮ್ನೆ ಕಾದವರ ವರ್ಷ ಅಲ್ಲೇ ಮುಗಿದಿರುತ್ತದೆ. ಜ್ಯೇಷ್ಠತೆಯ ಕರಡು ಪಟ್ಟಿ ಬಂದ ದಿನವೇ ಆಕ್ಷೇಪಣೆ ಕೊಟ್ಟು ಸ್ವೀಕೃತಿ ಇಟ್ಟುಕೊಂಡಿರಬೇಕು.

2024ರ ನವೆಂಬರಿನಲ್ಲಿ ಪಶ್ಚಿಮ ಬಂಗಾಳದ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ ಇನ್ನೊಂದು ಮಾತು ಸೇರಿಸಿತು: ಬಡ್ತಿ ಜಾರಿಯಾಗುವ ಮೊದಲೇ ನಿವೃತ್ತರಾದರೆ, ವಿಳಂಬ ಆಡಳಿತದ್ದೇ ಆಗಿದ್ದರೂ, ಆ ಹುದ್ದೆಯ ಹಣಕಾಸಿನ ಲಾಭವಿಲ್ಲ. ಕರ್ನಾಟಕದ ಸರ್ಕಾರಿ ಶಾಲೆಯ ಮಾಸ್ತರರು ನಿವೃತ್ತರಾಗುವುದು 60ಕ್ಕೆ.