ಕಾವಲುಗಾರ ಕೆಳಗಿಳಿದ ಹೊತ್ತು

ಚಿತ್ರದುರ್ಗದ ಕೋಟೆಗೆ ಬಂದವರು ಓಬವ್ವನ ಕಿಂಡಿ ನೋಡದೆ ವಾಪಸ್ ಹೋಗುವುದಿಲ್ಲ. ಒಬ್ಬರು ಮೈ ಕುಗ್ಗಿಸಿಕೊಂಡು ನುಸುಳುವಷ್ಟು ಸಂದಿ ಅದು. ಕಥೆ ನಮ್ಮೂರಿನ ಮಕ್ಕಳಿಗೆಲ್ಲ ಬಾಯಿಪಾಠ. ಹೈದರಾಲಿಯ ಸೈನ್ಯ ಕೋಟೆ ಸುತ್ತುವರಿದಿತ್ತು. ಕಾವಲುಗಾರ ಊಟಕ್ಕೆ ಕೂತಿದ್ದ. ಹೆಂಡತಿ ಓಬವ್ವ ನೀರು ತರಲು ಹೊಂಡಕ್ಕೆ ಬಂದಳು. ಕಿಂಡಿಯಲ್ಲಿ ಪಿಸುಮಾತು ಕೇಳಿಸಿತು. ಒನಕೆ ಹಿಡಿದು ನಿಂತಳು.

ನಾವು ಓಬವ್ವನ ಧೈರ್ಯವನ್ನು ನೆನೆಯುತ್ತೇವೆ. ನೆನೆಯಲೇಬೇಕು. ಆದರೆ ನಮ್ಮ ಓಣಿಯಲ್ಲಿ ಒಬ್ಬ ನಿವೃತ್ತ ಹವಾಲ್ದಾರರಿದ್ದಾರೆ. ಎಲ್ಲರಿಗೂ ಅವರು ಮಿಲಿಟ್ರಿ ಮಾವ. ಆ ಕಿಂಡಿ ಮುಂದೆ ನಿಂತರೆ ಅವರ ಮಾತೇ ಬೇರೆ. "ಶತ್ರು ಬಂದಿದ್ದು ಯಾವಾಗ ಹೇಳಪ್ಪ? ಕಾವಲಿನವನು ಅನ್ನಕ್ಕೆ ಕೈ ಹಾಕಿದಾಗ. ಅವನದೇನೂ ತಪ್ಪಿಲ್ಲ, ಹಸಿವಾಗುತ್ತೆ. ಕಾರ್ಗಿಲ್‌ನಲ್ಲೂ ಆಗಿದ್ದು ಇದೇ. ಅಲ್ಲಿ ಹಸಿವಲ್ಲ, ಚಳಿ."

ಕಾರ್ಗಿಲ್, ಸಿಯಾಚಿನ್‌ನಂಥ ಕಡೆ, ಹುಲ್ಲೂ ಹುಟ್ಟದ ಆ ಹಿಮದಲ್ಲಿ ವರ್ಷವಿಡೀ ನಮ್ಮ ಹುಡುಗರು ಯಾಕೆ ಕೂರಬೇಕು ಎಂದು ಕೇಳುವವರು ಜಾಸ್ತಿ. ನನಗೂ ಆ ಪ್ರಶ್ನೆ ಇತ್ತು. ಅದಕ್ಕೆ ಉತ್ತರ ಬೇಕಾದರೆ 1948ರಿಂದ ಶುರು ಮಾಡಬೇಕು.

ಮೊದಲು ಎತ್ತರದ ಮಾತು. ನಮ್ಮ ಜೋಗಿಮಟ್ಟಿ ಸುಮಾರು 3,800 ಅಡಿ. ಅಲ್ಲಿನ ಬೆಳಗಿನ ಗಾಳಿಗೇ ನಾವು ಶಾಲು ಹೊದೆಯುತ್ತೇವೆ. ಕಾರ್ಗಿಲ್‌ನ ಟೈಗರ್ ಹಿಲ್ 16,000 ಅಡಿಗೂ ಹೆಚ್ಚು. 18,000 ಅಡಿಗೆ ಹೋದರೆ ಗಾಳಿಯ ಒತ್ತಡ ಸಮುದ್ರಮಟ್ಟದ ಅರ್ಧಕ್ಕೆ ಇಳಿಯುತ್ತದೆ. ಅಂದರೆ ಪ್ರತಿ ಉಸಿರಿಗೂ ಸಿಗುವ ಆಮ್ಲಜನಕ ಅರ್ಧ. ಅದಕ್ಕೇ ಸೇನೆ ಯಾರನ್ನೂ ಒಮ್ಮೆಲೇ ಮೇಲಕ್ಕೆ ಕಳಿಸುವುದಿಲ್ಲ. 9,000ದಿಂದ 12,000 ಅಡಿಯ ನಡುವೆ ಆರು ದಿನ, 15,000 ಅಡಿವರೆಗೆ ನಾಲ್ಕು ದಿನ, ಅದರ ಮೇಲೆ ಮತ್ತೆ ನಾಲ್ಕು ದಿನ ನಿಲ್ಲಿಸಿ ಮೈ ಒಗ್ಗಿಸುತ್ತಾರೆ. ಆತುರ ಮಾಡಿದರೆ ಶ್ವಾಸಕೋಶಕ್ಕೆ ನೀರು ತುಂಬುತ್ತದೆ. ಆಗ ತಕ್ಷಣ ಕೆಳಗಿಳಿಸದಿದ್ದರೆ ಗಟ್ಟಿಮುಟ್ಟಾದ ಇಪ್ಪತ್ತೈದರ ಹುಡುಗನೂ ಉಳಿಯುವುದು ಕಷ್ಟ.

ಮಾವ ಕೋಟೆ ಹತ್ತುವಾಗ ಈಗಲೂ ಮಾತಾಡುವುದಿಲ್ಲ. ಒಂದು ಮೆಟ್ಟಿಲು, ಒಂದು ಉಸಿರು. ಜೊತೆಗಿರುವ ಹುಡುಗರು ಓಡಿ ಮುಂದೆ ಹೋಗುತ್ತಾರೆ, ಅರ್ಧ ದಾರಿಯಲ್ಲಿ ಸೊಂಟ ಹಿಡಿದು ಕೂರುತ್ತಾರೆ. ಮಾವ ಅದೇ ನಡಿಗೆಯಲ್ಲಿ ಅವರನ್ನು ದಾಟಿಕೊಂಡು ಹೋಗುತ್ತಾರೆ.

ದೇಶ ಇಬ್ಭಾಗವಾದ ಎರಡೇ ತಿಂಗಳಿಗೆ, 1947ರ ಅಕ್ಟೋಬರ್ 22ರಂದು, ಪಾಕಿಸ್ತಾನದ ಕಡೆಯಿಂದ ಬುಡಕಟ್ಟು ದಾಳಿಕೋರರು ಕಾಶ್ಮೀರಕ್ಕೆ ನುಗ್ಗಿದರು. ಮಹಾರಾಜ ಹರಿಸಿಂಗ್ ಭಾರತಕ್ಕೆ ಸೇರುವ ಪತ್ರಕ್ಕೆ ಸಹಿ ಹಾಕಿದ ಮರುದಿನ, 27ರಂದು, ನಮ್ಮ ಸೈನಿಕರು ವಿಮಾನದಲ್ಲಿ ಶ್ರೀನಗರಕ್ಕೆ ಇಳಿದರು. ಕಣಿವೆ ಉಳಿಯಿತು. ಲಡಾಖ್ ಮಾತ್ರ ಕತ್ತು ಹಿಸುಕಿಸಿಕೊಂಡಿತ್ತು. ಶ್ರೀನಗರದಿಂದ ಅಲ್ಲಿಗೆ ಹೋಗುವ ದಾರಿಯಲ್ಲಿರುವ ಜೋಜಿ ಲಾ ಎಂಬ ಘಾಟಿ ಎದುರಾಳಿಯ ಕೈಯಲ್ಲಿತ್ತು. ಎತ್ತರ ಸುಮಾರು 11,500 ಅಡಿ. ಎರಡೂ ಬದಿಯ ಬಂಡೆಗಳಲ್ಲಿ ಮೆಷಿನ್ ಗನ್. ಕಾಲ್ನಡಿಗೆಯಲ್ಲಿ ಹೋದ ದಾಳಿಗಳು ಸೋತವು.

ಅಲ್ಲಿ ಸೇನೆಯನ್ನು ನಡೆಸುತ್ತಿದ್ದವರು ನಮ್ಮ ಕೊಡಗಿನ ಕೆ.ಎಸ್. ತಿಮ್ಮಯ್ಯ. ಆ ಘಾಟಿಗೆ ಟ್ಯಾಂಕ್ ಹತ್ತಿಸುವುದಕ್ಕೆ ಅವರು ಮುಂದಾದರು. ಆವರೆಗೆ ಯಾರೂ ಅಷ್ಟು ಎತ್ತರದಲ್ಲಿ ಟ್ಯಾಂಕ್ ಇಟ್ಟು ಯುದ್ಧ ಮಾಡಿರಲಿಲ್ಲ. ಹೇಸರಗತ್ತೆ ಓಡಾಡುವ ದಾರಿಯನ್ನು ಸೇನೆಯ ಎಂಜಿನಿಯರ್ ದಳವಾದ ಮದ್ರಾಸ್ ಸ್ಯಾಪರ್ಸ್ ಅಗಲ ಮಾಡಿದರು. ಬೆಂಗಳೂರಿನ ಹಲಸೂರು ಕೆರೆಯ ಪಕ್ಕದಲ್ಲಿ ನೆಲೆ ಇರುವ ಅದೇ ಮದ್ರಾಸ್ ಸ್ಯಾಪರ್ಸ್. ದಾರಿಯ ಸೇತುವೆಗಳು ಭಾರ ತಡೆಯವು ಎಂದು ಟ್ಯಾಂಕಿನ ತಲೆಯನ್ನೇ ಬಿಚ್ಚಿ ಬೇರೆಯಾಗಿ ಸಾಗಿಸಿದರು. 1948ರ ನವೆಂಬರ್ 1ರಂದು, ಹಿಮ ಬೀಳುತ್ತಿರುವಾಗಲೇ, ಟ್ಯಾಂಕ್‌ಗಳು ಘಾಟಿಗೆ ನುಗ್ಗಿದವು. ಮುಂದಿನ ಟ್ಯಾಂಕಿನಲ್ಲಿ ಜನರಲ್ ತಿಮ್ಮಯ್ಯ ಸ್ವತಃ ಕೂತಿದ್ದರು. ಆ ತಿಂಗಳು ಮುಗಿಯುವ ಮೊದಲೇ ದ್ರಾಸ್, ಕಾರ್ಗಿಲ್ ಎರಡೂ ನಮ್ಮ ಕೈಗೆ ಬಂದವು. ಲೇಹ್‌ಗೆ ದಾರಿ ತೆರೆಯಿತು. ಈ ಸಂಗತಿಯನ್ನು ನಮ್ಮ ಶಾಲೆಗಳಲ್ಲಿ ಒಂದು ಪುಟವಾದರೂ ಓದಿಸಬೇಕು ಅನ್ನುವುದು ನನ್ನ ಬಹಳ ದಿನದ ಆಸೆ.

1949ರ ಜನವರಿ 1ಕ್ಕೆ ಕದನವಿರಾಮವಾಯಿತು. ಅದೇ ಜುಲೈನಲ್ಲಿ ಕರಾಚಿಯಲ್ಲಿ ಎರಡೂ ದೇಶದ ಅಧಿಕಾರಿಗಳು ಕೂತು ಗೆರೆ ಎಳೆದರು. ಆ ಗೆರೆ ಎನ್‌ಜೆ 9842 ಎಂಬ ಬಿಂದುವಿನವರೆಗೆ ಬಂದು ನಿಂತುಬಿಟ್ಟಿತು. ಅಲ್ಲಿಂದ ಮುಂದೆ "ಉತ್ತರಕ್ಕೆ ಹಿಮನದಿಗಳವರೆಗೆ" ಎಂದಷ್ಟೇ ಬರೆದರು. ಆ ಮಂಜುಗಡ್ಡೆಗೆ ಯಾರು ಹೋಗುತ್ತಾರೆ ಎಂಬ ನಂಬಿಕೆ ಅಷ್ಟೇ. ಹೊಲದ ಮೂಲೆಯಲ್ಲಿ ಬದು ಹಾಕದೆ ಬಿಟ್ಟರೆ ಏನಾಗುತ್ತದೆ ಎಂದು ನಮ್ಮ ಕಡೆಯ ರೈತರನ್ನು ಕೇಳಿದ್ದರೆ ಹೇಳುತ್ತಿದ್ದರು.

1962ರಲ್ಲಿ ಚೀನಾ ಬಂತು. ಆ ಯುದ್ಧದ ಕಥೆ ಬೇರೆಯೇ ಲೇಖನಕ್ಕೆ ಸಾಕಾಗುವಷ್ಟಿದೆ. ಇಲ್ಲಿಗೆ ಬೇಕಾದ್ದು ಇಷ್ಟೇ: ಬಯಲಿನಿಂದ ಕರೆದುಕೊಂಡು ಹೋದ ಸೈನಿಕರಿಗೆ ಮೈ ಒಗ್ಗಿಸಲು ಸಮಯವಿರಲಿಲ್ಲ, ಎಷ್ಟೋ ಜನರಿಗೆ ಸರಿಯಾದ ಬೆಚ್ಚನೆಯ ಬಟ್ಟೆಯೂ ಇರಲಿಲ್ಲ. ಆ ಪೆಟ್ಟಿನ ನಂತರವೇ ಬೆಟ್ಟದ ಯುದ್ಧಕ್ಕೆಂದೇ ಮೌಂಟನ್ ಡಿವಿಷನ್‌ಗಳು ಹುಟ್ಟಿದವು.

ಪಾಕಿಸ್ತಾನದ ಜೊತೆಗಿನ ಗೆರೆಯಲ್ಲಿ ಮಾತ್ರ ಹಿಡಿಯುವುದು, ಬಿಡುವುದು ನಡೆದೇ ಇತ್ತು. ಕಾರ್ಗಿಲ್ ಪಟ್ಟಣದ ಮೇಲೆ ಪಾಯಿಂಟ್ 13620 ಎಂಬ ತುದಿಯಿದೆ. ಹೆಸರಿಲ್ಲದ ತುದಿಗೆ ಅಡಿಯ ಲೆಕ್ಕವೇ ಹೆಸರು. ಅಲ್ಲಿ ಕೂತವನಿಗೆ ಶ್ರೀನಗರ-ಲೇಹ್ ರಸ್ತೆ ಅಂಗೈಯಲ್ಲಿದ್ದಂತೆ. 1965ರ ಮೇ ತಿಂಗಳಲ್ಲಿ ನಮ್ಮವರು ಅದನ್ನು ಹಿಡಿದರು, ಮಾತುಕತೆಯಾಗಿ ಬಿಟ್ಟುಕೊಟ್ಟರು. ಆಗಸ್ಟ್‌ನಲ್ಲಿ ಮತ್ತೆ ಹಿಡಿದರು. ಹಾಜಿ ಪೀರ್ ಘಾಟಿಯನ್ನೂ ಗೆದ್ದರು. 1966ರ ಜನವರಿಯ ತಾಷ್ಕೆಂಟ್ ಒಪ್ಪಂದದಲ್ಲಿ ಎರಡನ್ನೂ ವಾಪಸ್ ಕೊಟ್ಟರು. 1971ರಲ್ಲಿ ಅದೇ ಕಾರ್ಗಿಲ್ ತುದಿಗಳನ್ನು ಮೂರನೇ ಸಲ ಹತ್ತಬೇಕಾಯಿತು. ಈ ಸಲ ಬಿಡಲಿಲ್ಲ. ಶಾಂತಿ ಮಾತುಕತೆ ಬೇಡ ಎಂದು ನಾನು ಹೇಳುತ್ತಿಲ್ಲ. ಆದರೆ ಒಂದೇ ಗುಡ್ಡಕ್ಕೆ ಮೂರು ಸಲ ಜೀವ ತೆತ್ತವರನ್ನು ನೆನೆದರೆ ಹೊಟ್ಟೆ ಉರಿಯುತ್ತದೆ. 1972ರ ಶಿಮ್ಲಾ ಒಪ್ಪಂದದಲ್ಲಿ ಗೆರೆಗೆ ನಿಯಂತ್ರಣ ರೇಖೆ ಎಂಬ ಹೆಸರು ಬಂತು. ಅದೂ ಎನ್‌ಜೆ 9842ರಲ್ಲೇ ನಿಂತಿತು.

ಆ ಖಾಲಿ ಬಿಟ್ಟ ಮೂಲೆಯೇ ಸಿಯಾಚಿನ್. 76 ಕಿ.ಮೀ. ಉದ್ದದ ಹಿಮನದಿ. ಎಪ್ಪತ್ತರ ದಶಕದಲ್ಲಿ ಪಾಕಿಸ್ತಾನದ ಪರವಾನಗಿ ಪಡೆದ ವಿದೇಶಿ ಪರ್ವತಾರೋಹಿಗಳು ಅಲ್ಲಿ ಓಡಾಡತೊಡಗಿದರು. ಕೆಲವು ವಿದೇಶಿ ನಕ್ಷೆಗಳಲ್ಲಿ ಆ ಜಾಗ ಪಾಕಿಸ್ತಾನದ್ದೆಂದೇ ಕಾಣಿಸಿತು. ಇದನ್ನು ಗಮನಿಸಿ ಸೇನೆಯನ್ನು ಎಚ್ಚರಿಸಿದವರು ಕರ್ನಲ್ ನರೇಂದ್ರ 'ಬುಲ್' ಕುಮಾರ್. 1978ರಲ್ಲಿ, ಮತ್ತೆ 1981ರಲ್ಲಿ ತಾವೇ ತಂಡ ಕಟ್ಟಿಕೊಂಡು ಹತ್ತಿ ಬಂದರು. 1984ರ ಏಪ್ರಿಲ್ 13ರಂದು ನಮ್ಮ ಸೈನಿಕರನ್ನು ಹೆಲಿಕಾಪ್ಟರ್‌ನಲ್ಲಿ ಬಿಲಾಫೊಂಡ್ ಲಾ ಎಂಬ ಘಾಟಿಯಲ್ಲಿ ಇಳಿಸಲಾಯಿತು. ಅದು ಆಪರೇಷನ್ ಮೇಘದೂತ್. ಪಾಕಿಸ್ತಾನವೂ ಅದೇ ತಯಾರಿಯಲ್ಲಿತ್ತು, ತಡವಾಯಿತು. ಹಿಮನದಿಯ ಪಶ್ಚಿಮಕ್ಕಿರುವ ಸಾಲ್ಟೊರೊ ಸಾಲಿನ ಮೇಲೆ ಅಂದು ಕೂತವರು ಇಂದಿಗೂ ಇಳಿದಿಲ್ಲ.

ಮಾವ ಅಲ್ಲಿಗೆ ಎರಡು ಸಲ ಹೋಗಿ ಬಂದವರು. ಅವರ ಎಡಗಾಲಿನ ಎರಡು ಬೆರಳಿಗೆ ತುದಿಯಿಲ್ಲ. ಹಿಮ ಕಚ್ಚಿದ್ದು. ಕೋಟೆಯ ತಣ್ಣೀರು ದೊಣೆಯ ಹತ್ತಿರ ಕೂತು ಅವರು ನೀರಿನ ಕಥೆ ಹೇಳಿದರು. ಮೇಲೆ ಕಣ್ಣು ಹಾಯಿಸಿದಷ್ಟೂ ಮಂಜುಗಡ್ಡೆ, ಕುಡಿಯಲು ಮಾತ್ರ ಒಂದು ಹನಿ ಇಲ್ಲ. ಸೀಮೆಎಣ್ಣೆ ಒಲೆಯ ಮೇಲೆ ಡಬ್ಬಿ ಇಟ್ಟು, ಹಿಮ ತುಂಬಿ, ಕರಗಿದಂತೆ ಮತ್ತೆ ತುಂಬಿ, ಒಂದು ಲೋಟ ಚಹಾಕ್ಕೆ ಎಷ್ಟೋ ಹೊತ್ತು ಕಾಯಬೇಕು. ಒಲೆಯ ಮಸಿ ಮೂಗಿನಲ್ಲಿ, ಉಗುಳಿನಲ್ಲಿ. ಬರಿಗೈಯಲ್ಲಿ ಬಂದೂಕು ಮುಟ್ಟಿದರೆ ಚರ್ಮ ಅಂಟಿಕೊಳ್ಳುತ್ತದೆ. ಆ ಸೀಮೆಎಣ್ಣೆ, ಅಕ್ಕಿ, ಬೇಳೆ ಎಲ್ಲವೂ ಒಂದೋ ಹೆಲಿಕಾಪ್ಟರ್‌ನಲ್ಲಿ ಬರಬೇಕು, ಇಲ್ಲವೇ ಪೋರ್ಟರ್‌ಗಳ ಬೆನ್ನ ಮೇಲೆ. ಲಡಾಖಿನ ಆ ಪೋರ್ಟರ್‌ಗಳ ಹೆಸರು ಯಾವ ಪತ್ರಿಕೆಯಲ್ಲೂ ಬರುವುದಿಲ್ಲ ಎಂದು ಮಾವನಿಗೆ ಈಗಲೂ ಸಂಕಟ.

ಸಿಯಾಚಿನ್‌ನಲ್ಲಿ ಗುಂಡಿಗಿಂತ ಹವೆಗೇ ಹೆಚ್ಚು ಜನ ಬಲಿಯಾಗಿದ್ದಾರೆ. 2003ರ ನವೆಂಬರ್‌ನ ಕದನವಿರಾಮದ ನಂತರವೂ ಸಾವು ನಿಂತಿಲ್ಲ. 2012ರ ಏಪ್ರಿಲ್‌ನಲ್ಲಿ ಗಯಾರಿ ಎಂಬಲ್ಲಿ ಹಿಮ ಕುಸಿದು ಪಾಕಿಸ್ತಾನದ 140 ಮಂದಿ ಹೂತುಹೋದರು. ಅವರೂ ಯಾರದೋ ಮನೆಯ ಮಕ್ಕಳು. 2016ರ ಫೆಬ್ರವರಿ 3ರಂದು ಸೋನಂ ಪೋಸ್ಟ್ ಎಂಬ ನಮ್ಮ ಕಾವಲು ಠಾಣೆಯ ಮೇಲೆ ಹಿಮ ಕುಸಿಯಿತು. ಹತ್ತು ಮಂದಿ ಸಿಕ್ಕಿಹಾಕಿಕೊಂಡರು. ಆರನೇ ದಿನ ಧಾರವಾಡ ಜಿಲ್ಲೆ ಬೆಟದೂರಿನ ಲ್ಯಾನ್ಸ್ ನಾಯಕ್ ಹನುಮಂತಪ್ಪ ಕೊಪ್ಪದ ಜೀವಂತ ಸಿಕ್ಕರು. ಆ ಮೂರು ದಿನ ದುರ್ಗದಲ್ಲೂ ಟೀವಿ ಆರಿಸಿದ ಮನೆ ಇರಲಿಕ್ಕಿಲ್ಲ. ಫೆಬ್ರವರಿ 11ರಂದು ದೆಹಲಿಯ ಸೇನಾ ಆಸ್ಪತ್ರೆಯಲ್ಲಿ ಅವರು ತೀರಿಕೊಂಡರು.

ಹಾಗಿದ್ದರೆ ಎರಡೂ ಕಡೆಯವರು ಇಳಿದು ಬರಬಾರದೇ? 1989ರಲ್ಲಿ ಮಾತುಕತೆ ಅಲ್ಲಿಯ ತನಕ ಹೋಗಿತ್ತು. ಸಿಕ್ಕಿಕೊಂಡಿದ್ದು ಒಂದು ಕಡೆ: ಈಗ ಯಾರು ಎಲ್ಲಿ ಕೂತಿದ್ದಾರೆ ಎಂಬುದನ್ನು ಮೊದಲು ನಕ್ಷೆಯಲ್ಲಿ ಗುರುತಿಸಿ ಸಹಿ ಹಾಕಬೇಕು ಎನ್ನುತ್ತದೆ ಭಾರತ. ಪಾಕಿಸ್ತಾನ ಒಪ್ಪುವುದಿಲ್ಲ. ಭಾರತದ ಹಟ ಸರಿ ಎಂದೇ ನನಗನ್ನಿಸುತ್ತದೆ. ಯಾಕೆಂದರೆ 1999 ನಮ್ಮ ಕಣ್ಣ ಮುಂದೆ ಇದೆ.

ಕಾರ್ಗಿಲ್‌ನಲ್ಲಿ ಚಳಿಗಾಲಕ್ಕೆ ಕೆಲವು ಪೋಸ್ಟ್ ಖಾಲಿ ಮಾಡುವ ರೂಢಿಯಿತ್ತು. ಪೋಸ್ಟ್‌ಗಳ ನಡುವೆ ಕಾವಲೇ ಇಲ್ಲದ ದೊಡ್ಡ ದೊಡ್ಡ ಸಂದಿಗಳೂ ಇದ್ದವು. 1999ರ ಫೆಬ್ರವರಿಯಲ್ಲಿ ಪ್ರಧಾನಿ ವಾಜಪೇಯಿ ಬಸ್ಸಿನಲ್ಲಿ ಲಾಹೋರ್‌ಗೆ ಹೋಗಿ ಕೈ ಕುಲುಕಿ ಬಂದರು. ಅದೇ ಚಳಿಗಾಲದಲ್ಲಿ ಪಾಕಿಸ್ತಾನದ ಸೈನಿಕರು ಆ ಸಂದಿಗಳಲ್ಲಿ ನುಸುಳಿ ತುದಿಗಳಲ್ಲಿ ಬಂಕರ್ ಕಟ್ಟಿಕೊಂಡಿದ್ದರು. ಮೇ ತಿಂಗಳ ಶುರುವಿನಲ್ಲಿ ಕಳೆದುಹೋದ ಯಾಕ್ ಹುಡುಕಿಕೊಂಡು ಹೋದ ತಾಶಿ ನಾಮ್‌ಗ್ಯಾಲ್ ಎಂಬ ಕುರಿಗಾಹಿ ಅವರನ್ನು ಕಂಡು ಸೇನೆಗೆ ಸುದ್ದಿ ಮುಟ್ಟಿಸಿದ.

ಆಮೇಲಿನದು ಹೆಚ್ಚಿನವರಿಗೆ ಗೊತ್ತು. ಆದರೆ ಅದರ ಕಷ್ಟ ಎಂಥದ್ದು ಎಂದು ಗೊತ್ತಾಗಬೇಕಾದರೆ ನಮ್ಮ ಕೋಟೆಯ ಬುರುಜಿನ ಮೇಲೆ ನಿಂತು ಕೆಳಗೆ ನೋಡಬೇಕು. ಕೆಳಗಿನವನು ಹೆಜ್ಜೆ ಎತ್ತಿದರೆ ಮೇಲಿನವನಿಗೆ ಕಾಣುತ್ತದೆ. ಬಯಲಿನಲ್ಲಿ ಒಬ್ಬ ಕಾಯುವವನಿಗೆ ಮೂವರು ದಾಳಿಗಾರರು ಬೇಕು ಎನ್ನುವುದು ಸೇನೆಯ ಲೆಕ್ಕ. ಬೆಟ್ಟದಲ್ಲಿ ಆರು ಜನ, ಕೆಲವೊಮ್ಮೆ ಒಂಬತ್ತು. ಮರವಿಲ್ಲ, ಪೊದೆಯಿಲ್ಲ, ಬರೀ ಬೋಳು ಕಲ್ಲು. ಹಾಗಾಗಿ ರಾತ್ರಿಯೇ ಹತ್ತಬೇಕು. ವಾರಗಟ್ಟಲೆ ಜೀವ ತೆತ್ತ ಮೇಲೆ ಜೂನ್ 13ಕ್ಕೆ ತೋಲೋಲಿಂಗ್ ಎಂಬ ತುದಿ ಕೈಗೆ ಬಂತು. ಕೆಳಗಿನಿಂದ ಬೋಫೋರ್ಸ್ ತೋಪುಗಳು ತುದಿಗಳಿಗೆ ಗುರಿಯಿಟ್ಟು ಹೊಡೆದವು. ಜುಲೈ 4ಕ್ಕೆ ಟೈಗರ್ ಹಿಲ್. ಗ್ರೆನೇಡಿಯರ್ ಯೋಗೇಂದ್ರ ಸಿಂಗ್ ಯಾದವ್ ಹಗ್ಗ ಹಿಡಿದು ಕಡಿದಾದ ಬಂಡೆ ಹತ್ತಿದ್ದು ಆ ರಾತ್ರಿಯೇ. ಜುಲೈ 26ಕ್ಕೆ ಯುದ್ಧ ಮುಗಿಯಿತು. ನಮ್ಮ 527 ಸೈನಿಕರು ಮನೆಗೆ ಮರಳಲಿಲ್ಲ. ಆ ವರ್ಷದಿಂದ ಚಳಿಗಾಲದಲ್ಲೂ ಆ ತುದಿಗಳಲ್ಲಿ ಕಾವಲಿದೆ. 2020ರಲ್ಲಿ ಲಡಾಖಿನ ಗಲ್ವಾನ್‌ನಲ್ಲಿ ಚೀನಾ ಸೈನಿಕರ ಜೊತೆ ಕಾದಾಟವಾದ ನಂತರ ಆ ಕಡೆಯ ಗಡಿಯಲ್ಲೂ ಸಾವಿರಾರು ಜನ ಚಳಿಗಾಲ ಕಳೆಯುವುದು ಶುರುವಾಯಿತು.

ಈಗ ಕೆಲವು ಕೆಲಸಕ್ಕೆ ಯಂತ್ರ ಬಂದಿದೆ. ನಮ್ಮದೇ ಜಿಲ್ಲೆಯ ಚಳ್ಳಕೆರೆ ತಾಲ್ಲೂಕಿನಲ್ಲಿರುವ, ರಕ್ಷಣಾ ಸಂಶೋಧನೆ ಮಾಡುವ ಡಿಆರ್‌ಡಿಒ ಸಂಸ್ಥೆಯ ನೆಲೆಯಲ್ಲಿ ಪೈಲಟ್ ಇಲ್ಲದ ವಿಮಾನಗಳ ಪರೀಕ್ಷೆ ನಡೆಯುತ್ತದೆ. ಮನೋಹರವಾದ ಅಮೃತಮಹಲ್ ಹುಲ್ಲುಗಾವಲುಗಳ ಮೇಲೆ ಹಾರಿ ಕಲಿತದ್ದು ನಾಳೆ ಹಿಮದ ಮೇಲೂ ಹಾರಬಹುದು. ಅತ್ತ ಜೋಜಿ ಲಾ ಕೆಳಗೆ 13 ಕಿ.ಮೀ. ಉದ್ದದ ಸುರಂಗ ಕೊರೆಯುತ್ತಿದ್ದಾರೆ. ತಿಮ್ಮಯ್ಯನವರ ಟ್ಯಾಂಕ್ ಹತ್ತಿದ ಆ ಘಾಟಿ ಹಿಮ ಬಿದ್ದರೆ ತಿಂಗಳುಗಟ್ಟಲೆ ಮುಚ್ಚುತ್ತಿತ್ತು.

ಮಾವನಿಗೆ ಈ ಸುರಂಗದ ಸುದ್ದಿ ಬಂದಾಗಲೆಲ್ಲ ಪೇಪರ್ ಕತ್ತರಿಸಿ ಇಡುವ ಅಭ್ಯಾಸ. ಒಂದು ವರ್ಷ ದ್ರಾಸ್‌ನಲ್ಲಿದ್ದಾಗ ಘಾಟಿ ಮುಚ್ಚಿ, ಮಗಳ ನಾಮಕರಣಕ್ಕೆ ಅವರಿಗೆ ಬರಲಾಗಲಿಲ್ಲ. ಮಗುವಿನ ಹೆಸರು ಏನೆಂದು ಗೊತ್ತಾಗಿದ್ದು ಕಾಗದ ತಲುಪಿದ ಮೇಲೆ. ಆ ಮಗಳು ಈಗ ದಾವಣಗೆರೆಯಲ್ಲಿ ಟೀಚರ್. ಸುರಂಗ ತೆರೆದ ವರ್ಷ ಜನವರಿಯಲ್ಲೇ ಅವಳನ್ನು ಕರೆದುಕೊಂಡು ಹೋಗಿ ತಾವಿದ್ದ ಗುಡ್ಡ ತೋರಿಸಬೇಕಂತೆ. ಸ್ವೆಟರ್ ಈಗಲೇ ತಂದಿಟ್ಟಿದ್ದಾರೆ.