ಕೊಡಗಿನಲ್ಲಿದ್ದುಕೊಂಡೇ ಪಿಟೀಲು ಕಛೇರಿ ಕಲಾವಿದೆ ಆಗಬಹುದಾ?

ಓದುಗರ ಪ್ರಶ್ನೆ: ನಾವಿರುವುದು ಮಡಿಕೇರಿಯಲ್ಲಿ. ಮಗಳಿಗೆ 11 ವರ್ಷ, ಮೂರು ವರ್ಷದಿಂದ ಪಿಟೀಲು ಕಲಿಯುತ್ತಿದ್ದಾಳೆ. ದೊಡ್ಡವಳಾದ ಮೇಲೆ ಕಛೇರಿ ಕೊಡಬೇಕು ಅಂತ ಅವಳ ಆಸೆ. ಇಲ್ಲಿದ್ದುಕೊಂಡು ಅದು ಆಗುತ್ತಾ? ಅದರಲ್ಲಿ ಜೀವನ ನಡೆಯುತ್ತಾ?

ಉತ್ತರ: ಆಗುತ್ತದೆ. ಆದರೆ ಕಛೇರಿ ಅಂದ ಕೂಡಲೇ ವೇದಿಕೆಯ ನಡುವೆ ಕೂತ ಮಗಳು ನಿಮ್ಮ ಕಣ್ಣಿಗೆ ಬರುತ್ತಾಳೆ, ಅಲ್ವಾ? ಕರ್ನಾಟಕ ಸಂಗೀತದಲ್ಲಿ ಪಿಟೀಲಿನವರ ಬದುಕು ಶುರುವಾಗುವುದು ಹಾಡುವವರ ಪಕ್ಕದಲ್ಲಿ. ಹೆಸರಾಂತ ಪಿಟೀಲು ವಿದ್ವಾಂಸ ಲಾಲ್ಗುಡಿ ಜಯರಾಮನ್ ಅವರಂಥವರೂ 12ನೇ ವಯಸ್ಸಿನಲ್ಲಿ ಪಕ್ಕವಾದ್ಯದವರಾಗಿಯೇ, ಅಂದರೆ ಹಾಡುವವರ ಜೊತೆಗೆ ನುಡಿಸುವವರಾಗಿಯೇ, ವೇದಿಕೆ ಹತ್ತಿದ್ದು.

ಪಕ್ಕದಲ್ಲಿ ಕೂರುವುದು ಸುಲಭದ ಕೆಲಸ ಅಂದುಕೊಳ್ಳಬೇಡಿ. ಹಾಡುವವರು ರಾಗ ಆಲಾಪನೆ ಮಾಡುತ್ತಾ, ಅಂದರೆ ತಾಳವಿಲ್ಲದೆ ರಾಗವನ್ನು ಬಿಡಿಸುತ್ತಾ ಹೋಗುತ್ತಾರೆ. ಪಿಟೀಲು ಅವರ ಬೆನ್ನಿಗೇ ಹೋಗಬೇಕು, ದನಿಯನ್ನು ಮಾತ್ರ ಮುಚ್ಚಬಾರದು. ಅವರು ನಿಲ್ಲಿಸಿದ ಕೂಡಲೇ ಅದೇ ರಾಗವನ್ನು ನಾಲ್ಕೈದು ನಿಮಿಷದಲ್ಲಿ ತಾನು ಕಟ್ಟಿ ತೋರಿಸಬೇಕು. ಕಲ್ಪನಾಸ್ವರ, ಅಂದರೆ ಹಾಡುವವರು ಆಗಲೇ ಹೊಳೆದ ಹಾಗೆ ಹಾಡುವ ಸರಿಗಮ, ಬಂದರೆ ಅಲ್ಲಲ್ಲೇ ಉತ್ತರ ಕೊಡಬೇಕು. ಎಷ್ಟೋ ಸಲ ಯಾವ ಕೃತಿ ಹಾಡುತ್ತಾರೆ ಅಂತಲೂ ಮುಂಚೆ ಗೊತ್ತಿರುವುದಿಲ್ಲ. ಇವತ್ತು ಗಂಡಸರ ತಗ್ಗಿನ ಶ್ರುತಿ, ನಾಳೆ ಹೆಂಗಸರ ಎತ್ತರದ ಶ್ರುತಿ. ಶ್ರುತಿ ಬದಲಾದರೆ ಕೈಗೆ ಬೇರೆ ವಾದ್ಯವೇ ಬಂದ ಹಾಗಿರುತ್ತದೆ. ಇಲ್ಲಿ ಬೆರಳಿಗಿಂತ ಕಿವಿಗೆ ಕೆಲಸ ಜಾಸ್ತಿ.

ಹಾಗಾಗಿ ನನ್ನ ಮೊದಲ ಮಾತು: ಮಗಳಿಗೆ ಹಾಡುವುದನ್ನೂ ಕಲಿಸಿ. ಪಿಟೀಲು ಚೌಡಯ್ಯನವರ (1895–1967) ಗುರು ಬಿಡಾರಂ ಕೃಷ್ಣಪ್ಪನವರು ಗಾಯಕರು. ನಮ್ಮ ತಲಕಾವೇರಿಯಲ್ಲಿ ಹುಟ್ಟಿದ ಹೊಳೆ ಕಬಿನಿಯನ್ನು ಕೂಡುತ್ತದಲ್ಲ, ಆ ತಿರುಮಕೂಡಲಿನ ಹುಡುಗ ಚೌಡಯ್ಯ. ಮೈಸೂರಿನಲ್ಲಿ ಗುರುಗಳ ಹತ್ತಿರ ವರ್ಷಗಟ್ಟಲೆ ಕಲಿತು, ಮುಂದೆ ಅರಿಯಾಕುಡಿ, ಚೆಂಬೈ ಅವರಂಥ ದೊಡ್ಡ ಗಾಯಕರಿಗೆ ಪಕ್ಕವಾದ್ಯ ನುಡಿಸಿದರು. ಆಗ ಮೈಕ್ ಇಲ್ಲ. ದೊಡ್ಡ ಸಭೆಯಲ್ಲಿ ಹಿಂದೆ ಕೂತವರಿಗೆ ಪಿಟೀಲು ಕೇಳಿಸುತ್ತಿರಲಿಲ್ಲ. ಅದಕ್ಕೆ ಅವರು 4 ತಂತಿಯ ಜೊತೆ ಇನ್ನೂ 3 ತಂತಿ ಸೇರಿಸಿ 7 ತಂತಿಯ ಪಿಟೀಲು ಮಾಡಿಕೊಂಡರು. ಪಕ್ಕದಲ್ಲಿ ಕೂತೇ ಬೆಳೆದ ಅವರಿಗೆ 1957ರಲ್ಲಿ ಮದ್ರಾಸ್ ಮ್ಯೂಸಿಕ್ ಅಕಾಡೆಮಿ ಕೊಡುವ ಸಂಗೀತ ಕಲಾನಿಧಿ ಬಿರುದು ಬಂತು. ಬೆಂಗಳೂರಿನಲ್ಲಿ ಅವರ ಹೆಸರಿನ ಸಭಾಂಗಣವನ್ನು ಪಿಟೀಲಿನ ಆಕಾರದಲ್ಲೇ ಕಟ್ಟಿದ್ದಾರೆ.

ಇನ್ನು ಊರಿನ ವಿಷಯ. ಪಾಠ ಆನ್‌ಲೈನ್‌ನಲ್ಲೂ ನಡೆಯುತ್ತದೆ, ನಿಜ. ಆದರೆ ಇಬ್ಬರು ಒಟ್ಟಿಗೆ ನುಡಿಸುವುದು ಅಲ್ಲಿ ಆಗುವುದಿಲ್ಲ, ದನಿ ತಡವಾಗಿ ಬರುತ್ತದೆ. ಪಕ್ಕವಾದ್ಯಕ್ಕೆ ಬೇಕಾಗಿರುವುದೇ ಒಟ್ಟಿಗೆ ನುಡಿಸುವ ಅಭ್ಯಾಸ. ಮಡಿಕೇರಿಯಿಂದ ಮೈಸೂರಿಗೆ ಸುಮಾರು 120 ಕಿಲೋಮೀಟರ್. ತಿಂಗಳಿಗೆ ಎರಡು ಸಲವಾದರೂ ಗುರುಗಳ ಎದುರು ಕೂತು ಕಲಿಯಲಿ. ಊರಿನಲ್ಲಿ ಹಾಡು ಕಲಿಯುವ ಮಕ್ಕಳು ಇದ್ದರೆ ವಾರಕ್ಕೊಮ್ಮೆ ಅವರ ಜೊತೆ ನುಡಿಸಲಿ. ಎಲ್ಲಕ್ಕಿಂತ ಹೆಚ್ಚು ಉಪಯೋಗ ಆಗುವುದು ಇದರಿಂದಲೇ.

ಮಳೆಗಾಲ ಬಂದರೆ ವಾದ್ಯವನ್ನು ನೋಡಿಕೊಳ್ಳುವುದೇ ಒಂದು ಕೆಲಸ. ನಾನು ಕಲಿಯುತ್ತಿದ್ದಾಗ ಒಂದು ಜುಲೈನಲ್ಲಿ, ತಂತಿ ಬಿಗಿ ಮಾಡುವ ಬಿರಡೆ ಅಲ್ಲಾಡಲೇ ಇಲ್ಲ. ಜೋರು ಮಾಡಿದೆ, ತಂತಿ ಕಿತ್ತು ಬಂತು. ತೇವಕ್ಕೆ ಮರ ಉಬ್ಬಿ ಬಿರಡೆ ಬಿಗಿಯಾಗುತ್ತದೆ, ಬೇಸಿಗೆಯಲ್ಲಿ ಅದೇ ಬಿರಡೆ ಜಾರುತ್ತದೆ. ಪಿಟೀಲಿನ ಮರದ ಭಾಗಗಳನ್ನು ಸಾಮಾನ್ಯವಾಗಿ ಪ್ರಾಣಿಯ ಚರ್ಮ, ಮೂಳೆಯಿಂದ ಮಾಡಿದ ಅಂಟಿನಿಂದ ಜೋಡಿಸಿರುತ್ತಾರೆ. ತೇವ ಜಾಸ್ತಿಯಾದರೆ ಆ ಅಂಟೂ ಬಿಡುತ್ತದೆ. ಪೆಟ್ಟಿಗೆಯಲ್ಲಿ ಸಿಲಿಕಾ ಜೆಲ್ ಪೊಟ್ಟಣ ಇಡಿ. ನುಡಿಸಿದ ಮೇಲೆ ಕಮಾನಿನ ಕೂದಲು ಸಡಿಲ ಮಾಡಿ. ಬಟ್ಟೆ ಒಣಗಿಸುವ ಹಾಗೆ ಒಲೆಯ ಹತ್ತಿರ ಮಾತ್ರ ಇಡಬೇಡಿ, ಮರ ಸೀಳು ಬಿಡುತ್ತದೆ.

ಜೀವನದ ಪ್ರಶ್ನೆಗೆ ನೇರವಾಗಿ ಹೇಳುತ್ತೇನೆ. ಬರೀ ಕಛೇರಿಯಿಂದ ಮನೆ ನಡೆಸುವವರು ಕಡಿಮೆ. ರಾಮನವಮಿ, ಗಣೇಶೋತ್ಸವ, ಡಿಸೆಂಬರಿನ ಚೆನ್ನೈ ಸಂಗೀತೋತ್ಸವದ ಸೀಸನ್ ಹೊತ್ತಿಗೆ ಕೈ ತುಂಬ ಕೆಲಸ ಇರುತ್ತದೆ. ಉಳಿದ ತಿಂಗಳು ಹಾಗಿರುವುದಿಲ್ಲ. ಹೆಚ್ಚಿನವರು ಪಾಠವನ್ನೂ ಹೇಳುತ್ತಾರೆ. ಸಂಗೀತದ ಜೂನಿಯರ್, ಸೀನಿಯರ್, ವಿದ್ವತ್ ಪರೀಕ್ಷೆಗಳು ಪಾಸಾಗಿದ್ದರೆ ಪಾಠ ಹೇಳುವ ಕೆಲಸಕ್ಕೆ ಸಹಾಯವಾಗುತ್ತದೆ. ಆಕಾಶವಾಣಿಯ ಆಡಿಷನ್ ಪಾಸಾದರೆ ಬಿ, ಬಿ-ಹೈ, ಎ, ಎ-ಟಾಪ್ ಅಂತ ಗ್ರೇಡ್ ಸಿಗುತ್ತದೆ. ಕಛೇರಿಗೆ ಕರೆಯುವವರೂ ಅದನ್ನು ಕೇಳುತ್ತಾರೆ. 11 ವರ್ಷದ ಮಗುವಿಗೆ ಇದರ ಚಿಂತೆ ಈಗಲೇ ಬೇಡ, ಓದು ಜೊತೆಗೇ ನಡೆಯಲಿ.

ಬರುವ ರಾಮನವಮಿಗೆ ಅವಳನ್ನು ಮೈಸೂರಿಗೋ ಬೆಂಗಳೂರಿಗೋ ಒಂದು ಕಛೇರಿಗೆ ಕರೆದುಕೊಂಡು ಹೋಗಿ. ಪಿಟೀಲಿನವರು ಕೂರುವ ಬದಿಯಲ್ಲಿ ಮುಂದಿನ ಸಾಲಿನಲ್ಲೇ ಕೂರಿಸಿ. ಬಸ್ಸಿನಲ್ಲಿ ವಾಪಸ್ ಬರುವಾಗ, ಹಾಡಿದವರು ಆಲಾಪನೆ ಹೇಗೆ ಶುರು ಮಾಡಿದರು ಅಂತ ಕೇಳಿ. ಹಾಡಿ ತೋರಿಸಲಿ.