ಮಾರೇಯ ಬಂದೂಕು-ಕ್ಯಾಮೆರಾದ ಗಾಜು ನಿಂತು ನಿಂತು ಯಾಕೆ ತಿರುಗಬೇಕು?

ವನ್ಯಜೀವಿ ಚಿತ್ರೀಕರಣದ ಶುರುವಿನ ಕಥೆ ಓದುವಾಗ ಎರಡು ಹೆಸರು ನನಗೆ ಅದಲುಬದಲಾಗುತ್ತಲೇ ಇದ್ದವು. ಈಗ ಹೀಗೆ ನೆನಪಿಟ್ಟುಕೊಂಡಿದ್ದೇನೆ: ಫೋಟೊಗ್ರಾಫರ್ ಮೈಬ್ರಿಜ್ ಅಂದರೆ ಹನ್ನೆರಡು ಕ್ಯಾಮೆರಾ, ವಿಜ್ಞಾನಿ ಮಾರೇ ಅಂದರೆ ಒಂದೇ ಕ್ಯಾಮೆರಾ.

1878ರಲ್ಲಿ ಕ್ಯಾಲಿಫೋರ್ನಿಯಾದ ಪಾಲೊ ಆಲ್ಟೊದಲ್ಲಿ ಮೈಬ್ರಿಜ್ 12 ಕ್ಯಾಮೆರಾ ಸಾಲಾಗಿ ಇಟ್ಟರು. ಕುದುರೆ ಓಡುತ್ತಾ ಅಡ್ಡ ಕಟ್ಟಿದ ದಾರಗಳಿಗೆ ತಾಗಿದಂತೆ ಒಂದೊಂದೇ ಶಟರ್ ತೆರೆಯಿತು. ಆದರೆ ಹಾರುವ ಹಕ್ಕಿ ದಾರ ಮುಟ್ಟುತ್ತಾ? ಫ್ರಾನ್ಸ್‌ನ ಮಾರೇಗೆ ಬೇಕಿದ್ದುದು ರೆಕ್ಕೆಯ ಬಡಿತ. 1882ರಲ್ಲಿ ಅವರು ಬಂದೂಕಿನ ಆಕಾರದ ಕ್ಯಾಮೆರಾ ಮಾಡಿದರು. ನಳಿಕೆಯಲ್ಲಿ ಲೆನ್ಸ್. ಗುರಿಯಿಟ್ಟು ಟ್ರಿಗರ್ ಒತ್ತಿದರೆ ಸೆಕೆಂಡಿಗೆ 12 ಚಿತ್ರ, ಬೆಳಕು ಬಿದ್ದರೆ ಚಿತ್ರ ಮೂಡುವ ಒಂದೇ ಗಾಜಿನ ಮೇಲೆ, ಗಡಿಯಾರದ ಅಂಕಿಗಳ ಹಾಗೆ ಸುತ್ತಲೂ.

ನಾನು ಸಿಕ್ಕಿಬಿದ್ದದ್ದು ಇಲ್ಲೇ. ಗಾಜು ಸುಮ್ನೆ ಒಂದೇ ಸಮ ತಿರುಗಿದರೆ ಸಾಲದಾ? ಸಾಲದು. ಬೆಳಕು ಬೀಳುವಾಗ ಗಾಜು ಸರಿಯುತ್ತಿದ್ದರೆ ಹಕ್ಕಿ ಕಲೆಸಿಹೋಗುತ್ತದೆ. ಅದಕ್ಕೇ ಗಾಜು ಸೆಕೆಂಡಿಗೆ 12 ಸಲ ನಿಂತು, ಮತ್ತೆ ಹೊರಡುತ್ತದೆ. ಹಾಗಾದರೆ ಸರಿಯುವ ಹೊತ್ತಿನಲ್ಲಿ ಬೆಳಕು ತಡೆಯುವವರು ಯಾರು? ಗಾಜಿನ ಮುಂದಿರುವ ಇನ್ನೊಂದು ಬಿಲ್ಲೆ. ಅದರಲ್ಲಿ ಒಂದೇ ಒಂದು ಸಣ್ಣ ಸೀಳು. ಈ ಬಿಲ್ಲೆ ಮಾತ್ರ ನಿಲ್ಲುವುದೇ ಇಲ್ಲ, ಸೆಕೆಂಡಿಗೆ 12 ಸುತ್ತು. ಗಾಜು ನಿಂತಾಗ ಸೀಳು ಲೆನ್ಸ್ ಎದುರು ಹಾದುಹೋಗುತ್ತದೆ.

ಅಮ್ಮನ ಹೊಲಿಗೆ ಮಿಷನ್ ನೋಡಿದ ಮೇಲೆ ಇದು ನನ್ನ ತಲೆಗೆ ಹತ್ತಿತು. ಸೂಜಿ ಬಟ್ಟೆಯೊಳಗಿದ್ದಾಗ ಬಟ್ಟೆ ನಿಂತಿರುತ್ತದೆ. ಸೂಜಿ ಮೇಲೆದ್ದಾಗ ಮಾತ್ರ ಹಲ್ಲುಗಳು ಅದನ್ನು ಒಂದು ಹೊಲಿಗೆಯಷ್ಟು ಮುಂದೆ ತಳ್ಳುತ್ತವೆ. ಇಲ್ಲಿ ಸೂಜಿಯ ಜಾಗದಲ್ಲಿ ಬೆಳಕಿದೆ, ಅಷ್ಟೇ.

ಲೆಕ್ಕವನ್ನೂ ಒಮ್ಮೆ ಮಾಡಿಬಿಡಿ. ಪ್ರತಿ ಚಿತ್ರಕ್ಕೆ ಬೆಳಕು ಬಿದ್ದದ್ದು ಸೆಕೆಂಡಿನ 1/720 ಭಾಗ. ಬಿಲ್ಲೆಯ ಒಂದು ಸುತ್ತಿಗೆ 1/12 ಸೆಕೆಂಡು. 720ನ್ನು 12ರಿಂದ ಭಾಗಿಸಿದರೆ 60. ಅಂದರೆ ಸುತ್ತಿನ 60ರಲ್ಲಿ ಒಂದು ಪಾಲು ಮಾತ್ರ ಬೆಳಕು, ಉಳಿದ 59 ಪಾಲು ಕತ್ತಲೆ! ಗಾಜು ಸರಿಯಲು ಎಷ್ಟೊಂದು ಹೊತ್ತು ಸಿಕ್ಕಿತು, ಅಲ್ವಾ? ನನಗೆ ತುಂಬ ಇಷ್ಟವಾದ ಜಾಗ ಇದು.

ತೊಂದರೆ ಒಂದೇ: 12 ಚಿತ್ರಕ್ಕೆ ಗಾಜು ಮುಗಿಯಿತು. 1888ರಲ್ಲಿ ಮಾರೇ ಗಾಜು ಬಿಟ್ಟು ಕಾಗದದ ಸುರುಳಿಗೆ ಬಂದರು. ಸುರುಳಿ ಬಂದ ಮೇಲೆ ಉದ್ದದ ಚಿತ್ರೀಕರಣಕ್ಕೆ ದಾರಿಯಾಯಿತು. 1907ರ ಹೊತ್ತಿಗೆ ಬ್ರಿಟನ್ನಿನ ಆಲಿವರ್ ಪೈಕ್ ಹಕ್ಕಿಗಳ ಸಿನಿಮಾವನ್ನೇ ಜನರಿಗೆ ತೋರಿಸಿದರು. 1910ರಲ್ಲಿ ಅಲ್ಲಿನವರೇ ಆದ ಪರ್ಸಿ ಸ್ಮಿತ್ ಇದೇ ಲೆಕ್ಕವನ್ನು ತಿರುವುಮುರುವು ಮಾಡಿದರು: ಒಂದು ಚಿತ್ರ ತೆಗೆದು, ತುಂಬ ಹೊತ್ತು ಕಾದು, ಮತ್ತೊಂದು. ತೆರೆಯ ಮೇಲೆ ಮೊಗ್ಗು ಕಣ್ಣೆದುರೇ ಅರಳಿತು.